ಬಿಳಿ ಕಾಗದದಲ್ಲಿ ಸುತ್ತಿಟ್ಟಿದ್ದು

ಮಂಜು ಇನ್ನೂ ಎದ್ದಿಲ್ಲ, ಹೊಲದ ತಗ್ಗಿನಲ್ಲಿ ಮೆಲುಕು ಹಾಕುವ ದನದ ಹಾಗೆ ಮಲಗಿದೆ, ಎಳೆಯ ಮೆಕ್ಕೆಜೋಳದ ತುದಿಗಳು ಮಾತ್ರ ಅದರ ಬೆನ್ನಿನ ಮೇಲೆ ಕಾಣುತ್ತಿವೆ, ರಾತ್ರಿಯೆಲ್ಲ ಸುರಿದು ಬೆಳಗಿನ ಹೊತ್ತಿಗೆ ನಿಂತ ಮಳೆ, ಗಾಳಿ ಹಿಂಡದ ಬಟ್ಟೆಯಂತೆ ಮೈಗೆ ಅಂಟುತ್ತಿದೆ, ಹೊಳೆದಂಡೆಯ ಮರಗಳು ಬಿಡುವ ಬಿಳಿ ಅರಳೆ ನಿಧಾನವಾಗಿ ತೇಲಿ ಬಂದು ಮಾಂಸ ಸುಡುವ ಗ್ರಿಲ್ಲಿನ ಕಪ್ಪು ಮುಚ್ಚಳದ ಮೇಲೆ ಕೂರುತ್ತಿದೆ, ಊದಿದರೆ ಏಳುವುದಿಲ್ಲ, ಒದ್ದೆ — ದೇವರೇ, ಇಷ್ಟು ಮೃದುವಾದದ್ದನ್ನು ಇಷ್ಟು ಧಾರಾಳವಾಗಿ ಚೆಲ್ಲುತ್ತೀಯಲ್ಲ, ಯಾರಿಗೂ ಬೇಕಿಲ್ಲದ್ದನ್ನು, ಬೇಕಾದ್ದನ್ನು ಮಾತ್ರ ಎಣಿಸಿ ಎಣಿಸಿ ಕೊಡುತ್ತೀಯ — ತಂತಿ ಕುಂಚದಿಂದ ಸರಳುಗಳನ್ನು ತಿಕ್ಕುತ್ತಿದ್ದೇನೆ, ಹೋದ ಬೇಸಗೆಯ ಕರಿ ಪುಡಿಪುಡಿಯಾಗಿ ಉದುರುತ್ತಿದೆ, ಬೇಲಿಯಾಚೆ ವರ್ನನ್ ಬಂದು ನಿಂತಿದ್ದಾನೆ, ಚರ್ಚಿಗೆ ಹೊರಟವನು, ಇಸ್ತ್ರಿಯ ಅಂಗಿ, ಹೆಗಲಿಗೆ ಪಟ್ಟಿ ಎಳೆದ ಪ್ಯಾಂಟು, ನಾವಿಬ್ಬರೂ ಧಾನ್ಯದ ಒಂದೇ ಗೋದಾಮಿನಲ್ಲಿ ಧೂಳು ಕುಡಿದು ಮುದುಕರಾದವರು, ಚೆನ್ನಾಗಿ ಬಿತ್ತಲ್ಲೋ ಮಳೆ ಅಂದ, ಚೆನ್ನಾಗೇ ಬಿತ್ತು ಅಂದೆ, ಇಲ್ಲಿ ಮಾತು ಶುರುವಾಗುವುದೇ ಹಾಗೆ, ಯಾರಾದರೂ ಸತ್ತಿದ್ದರೂ ಮೊದಲು ಮಳೆ. ಚರ್ಚಿಗೆ ಬರಲ್ವೇನೋ ಹಾರ್ಲನ್, ನಿನ್ನ ಜಾಗ ಖಾಲಿ ಇದ್ರೆ ಪಾದ್ರಿಗಳು ಉಪದೇಶಾನೇ ಮರೀತಾರೆ. ಬರಲ್ಲ ಕಣೋ, ಊಟಕ್ಕೆ ಜನ ಬರ್ತಾರೆ. ಯಾರು, ರೆನೇನಾ? ರೆನೇ, ಮತ್ತೆ ಅವನು. ಅವನು ಅಂದ್ರೆ ಆ ಮದ್ವೆ ಗಂಡಾ? ಹೂಂ. ವರ್ನನ್ ಬೇಲಿಯ ಮೇಲಿನ ಅರಳೆಯನ್ನು ಬೆರಳಿನಿಂದ ಒತ್ತಿದ, ಅಲ್ಲಯ್ಯ, ಅವನು ನಿನಗೇನಾಗ್ಬೇಕು ಅಂದ, ಸೊಸೇನ ಮದ್ವೆ ಆಗೋನು ಅಳಿಯನೋ ಮಗನೋ, ನಮ್ಮ ಹೆಂಗಸರನ್ನೇ ಕೇಳ್ಬೇಕು, ಅವರ ಹತ್ರ ಎಲ್ಲಕ್ಕೂ ಒಂದು ಹೆಸರಿರತ್ತೆ, ಅಂದು ನಕ್ಕ, ನಾನೂ ನಕ್ಕೆ, ಕುಂಚ ಇನ್ನಷ್ಟು ಜೋರಾಗಿ ತಿಕ್ಕಿದೆ, ಹೆಸರಿಲ್ಲ ವರ್ನನ್, ನನ್ನ ಹೆಂಡತಿ ಆರ್ಲಿಸಳನ್ನೇ ಕೇಳಿದೆ, ಅವಳ ಹತ್ತಿರವೂ ಇಲ್ಲ, ತೀರಿಹೋದ ಮಗನ ಹೆಂಡತಿಯ ಹೊಸ ಗಂಡನಿಗೆ ಈ ಊರಿನಲ್ಲಿ ಯಾರೂ ಹೆಸರಿಟ್ಟಿಲ್ಲ.

ಮಗ ಜಾರೆಡ್ ಹೋಗಿ ಮೂರು ವರ್ಷ, ಮಾರ್ಚ್ ತಿಂಗಳು, ಮೆಕ್ಕೆಜೋಳದ ಕಣಜದೊಳಗೆ ಇಳಿದವನು ಮೇಲೆ ಬರಲಿಲ್ಲ — ಅದು ಬೇಡ, ಇವತ್ತು ಅದು ಬೇಡ, ಇವತ್ತು ಬರ್ಗರು — ನೆಲಮಾಳಿಗೆಯ ಉದ್ದನೆ ಫ್ರೀಜರಿನ ತಳದಲ್ಲಿ, ಜಿಂಕೆ ಮಾಂಸದ ಕೆಳಗೆ, ಬಟಾಣಿ ಚೀಲಗಳ ಕೆಳಗೆ, ಮಾಂಸದಂಗಡಿಯ ಬಿಳಿ ಕಾಗದದಲ್ಲಿ ಸುತ್ತಿದ ಒಂದು ಪೊಟ್ಟಣ, ಅದರ ಮೇಲೆ ಎಡಕ್ಕೆ ವಾಲಿದ ಅವನ ಅಕ್ಷರ, ಬೇಕನ್, ಫೆಬ್ರವರಿ, ಅವನು ಕೈಯಾರೆ ಉಪ್ಪು ಕಟ್ಟಿ ಹೊಗೆ ಕೊಟ್ಟ ಕೊನೆಯದು, ಹಂದಿಯ ಹೊಟ್ಟೆಯ ಭಾಗ ಪೂರ್ತಿ ತಂದು, ಉಪ್ಪು, ಕಂದು ಸಕ್ಕರೆ, ಕರಿಮೆಣಸು ತಿಕ್ಕಿ ವಾರಗಟ್ಟಲೆ ದಿನಕ್ಕೊಂದು ಸಲ ಮಗುಚಿಡುತ್ತಿದ್ದ, ಕೂಸನ್ನು ಮಗ್ಗುಲು ಬದಲಿಸಿದ ಹಾಗೆ, ಆರ್ಲಿಸ್ ತಮಾಷೆ ಮಾಡುತ್ತಿದ್ದಳು, ನಿನ್ನ ಹೆಂಡ್ತೀನ ಇಷ್ಟು ಚೆನ್ನಾಗಿ ನೋಡ್ಕೊಂಡಿದೀಯೇನೋ ಅಂತ, ಅವಳು ಇದಕ್ಕಿಂತ ಉಪ್ಪು ಕಣಮ್ಮ ಅನ್ನುತ್ತಿದ್ದ, ರೆನೇ ಒರೆಸುವ ಬಟ್ಟೆಯಿಂದ ಅವನ ಬೆನ್ನಿಗೆ ಬಾರಿಸುತ್ತಿದ್ದಳು. ಆ ಪೊಟ್ಟಣ ನಾವು ಮುಟ್ಟಲಿಲ್ಲ. ಬಟಾಣಿ ತರಲು ಹೋದಾಗೆಲ್ಲ ನಾನು ಕೈ ಇಳಿಸಿ ತಳದಲ್ಲಿ ಅದು ಇದೆಯೋ ಅಂತ ತಡವುತ್ತಿದ್ದೆ, ಇರುತ್ತಿತ್ತು, ಕಲ್ಲಿನ ಹಾಗೆ, ಬೆರಳ ತುದಿ ಮರಗಟ್ಟುವವರೆಗೆ ಹಿಡಿದು ಬಿಡುತ್ತಿದ್ದೆ, ಆರ್ಲಿಸಳಿಗೆ ಗೊತ್ತಿತ್ತು, ಬಟಾಣಿ ತರಕ್ಕೆ ಇಷ್ಟು ಹೊತ್ತಾ ಅಂತ ಒಂದು ಸಲವೂ ಕೇಳಲಿಲ್ಲ. ಶುಕ್ರವಾರ ತೆಗೆದು ಮೇಲಿಟ್ಟೆ. ಅಡುಗೆಮನೆ ಕಟ್ಟೆಯ ಮೇಲೆ ಅದನ್ನು ನೋಡಿ ಅವಳು ಆಲೂಗಡ್ಡೆ ಸುಲಿಯುವುದು ನಿಲ್ಲಿಸಿದಳು, ಹಾರ್ಲನ್, ಅದು ಬೇಡ. ಯಾಕೆ. ಉಪ್ಪು ಕಟ್ಟಿದ ಕೊಬ್ಬು ಅದು, ಫ್ರೀಜರಲ್ಲಿಟ್ರೂ ಕಮಟು ಹಿಡಿಯತ್ತೆ, ಹಸಿ ಮಾಂಸದ ಥರ ಅಲ್ಲ, ಒಂದೆರಡು ತಿಂಗಳು ಅಷ್ಟೇ, ನಿನಗೂ ಗೊತ್ತು ಅದು. ಅವನು ಮಾಡಿದ್ದು ಕೆಡಲ್ಲ. ಅವನು ಮಾಡಿದ್ದೂ ಹಂದಿ ಮಾಂಸಾನೇ ಹಾರ್ಲನ್. ಅವಳು ಇನ್ನೊಂದು ಆಲೂಗಡ್ಡೆ ತೆಗೆದುಕೊಂಡಳು, ಸಿಪ್ಪೆ ಒಂದೇ ಉದ್ದಕ್ಕೆ ಸುರುಳಿಯಾಗಿ ಇಳಿಯುತ್ತಿತ್ತು, ಯಾರಿಗೋಸ್ಕರ ತೆಗೆದೆ ಅಂದಳು, ರೆನೇ ಬರ್ತಾಳಲ್ಲ ಅದಕ್ಕೆ ಅಂದೆ. ಪೂರ್ತಿ ನಿಜ ಅಲ್ಲ ಅದು. ಆ ಮದುವೆ ಗಂಡು ತಿನ್ನಲಿ ಅಂತ. ಬಂದು ನಮ್ಮ ಹಿತ್ತಲಲ್ಲಿ ಕೂತು ನನ್ನ ಮಗ ಮಾಡಿದ್ದನ್ನು ಬಾಯಿಗಿಟ್ಟುಕೊಳ್ಳಲಿ, ಯಾರ ಜಾಗಕ್ಕೆ ಬಂದಿದ್ದೇನೆ ಅಂತ ನಾಲಗೆಗೆ ಗೊತ್ತಾಗಲಿ, ಅವಳೂ ತಿನ್ನಲಿ, ಒಂದು ತುತ್ತಿಗೆ ಎಲ್ಲ ನೆನಪಾಗಲಿ, ಹೋಗುವುದು ಮರೆತುಹೋಗಲಿ. ಇಂಥದ್ದು ಮನಸ್ಸಿನಲ್ಲಿಟ್ಟುಕೊಂಡು ಚರ್ಚಿಗೆ ಹೋಗಿ ಪ್ರಭುಭೋಜನದ ರೊಟ್ಟಿ ದ್ರಾಕ್ಷಾರಸಕ್ಕೆ ಕೈಯೊಡ್ಡುವುದು ಹೇಗೆ, ಅದಕ್ಕೇ ಹೋಗಲಿಲ್ಲ, ವರ್ನನ್, ಜನ ಬರುವುದಕ್ಕಲ್ಲ.

ಬೆಳಿಗ್ಗೆ ಕೈಯಂತ್ರವನ್ನು ಮೇಜಿನ ಅಂಚಿಗೆ ಬಿಗಿದು ದನದ ಮಾಂಸದ ಜೊತೆ ಅದನ್ನೂ ಹಾಕಿ ಅರೆದೆ, ಹತ್ತಾರು ಸೀಳು ಮೇಲಿಡುವುದಕ್ಕೆ ಉಳಿಸಿಕೊಂಡೆ, ತಣ್ಣಗಿನ ಕೊಬ್ಬು ಬೆರಳಿಗೆ ಮೇಣದ ಹಾಗೆ, ಮೂಗಿನ ಹತ್ತಿರ ಹಿಡಿದೆ, ಏನೂ ತಿಳಿಯಲಿಲ್ಲ, ನಲವತ್ತು ವರ್ಷದ ಧಾನ್ಯದ ಧೂಳು ಈ ಮೂಗನ್ನು ಯಾವತ್ತೋ ಮುಚ್ಚಿಬಿಟ್ಟಿದೆ, ಮೆಣಸು ಮಾತ್ರ ಘಾಟು, ಆರ್ಲಿಸ್ ಬಂದು ಕಿಟಕಿ ತೆರೆದಳು, ನಾನು ಯಂತ್ರದ ಹಿಡಿ ತಿರುಗಿಸುತ್ತಲೇ ಇದ್ದೆ. ಅಂಗೈಯಲ್ಲಿ ಉಂಡೆ ಮಾಡಿ, ಚಪ್ಪಟೆ ತಟ್ಟಿ, ನಡುವೆ ಹೆಬ್ಬೆರಳಿನ ಒಂದು ಗುಳಿ, ಇಲ್ಲದಿದ್ದರೆ ಬೇಯುವಾಗ ಉಬ್ಬುತ್ತದೆ, ಒಂದೊಂದೇ ತಟ್ಟೆಗೆ, ಮೇಣದ ಹಾಳೆಯ ಮೇಲೆ ಸಾಲಾಗಿ, ಕೈ ತಾನೇ ಮಾಡುತ್ತದೆ, ಮನಸ್ಸು ಬೇರೆಲ್ಲೋ, ಸಿಂಕಿನ ಹತ್ತಿರ, ಹೋದ ಭಾನುವಾರ, ರೆನೇ ಪಾತ್ರೆ ಒರೆಸುತ್ತಿದ್ದಳು, ನಾನು ತೊಳೆದು ಕೊಡುತ್ತಿದ್ದೆ, ಈ ಮೂರು ವರ್ಷ ಒಂದು ಭಾನುವಾರವೂ ತಪ್ಪಿಸದೆ ಬಂದ ಹುಡುಗಿ, ಮೊದಮೊದಲು ಬಂದು ಮಾತಿಲ್ಲದೆ ನೆಲಮಾಳಿಗೆಯ ಮೆಟ್ಟಿಲ ಮೇಲೆ ಕೂತಿರುತ್ತಿದ್ದಳು, ಆಮೇಲೆ ಆಮೇಲೆ ಆರ್ಲಿಸಳ ಜೊತೆ ಕಡುಬು ಮಾಡಿದಳು, ನನ್ನ ಜೊತೆ ಇಸ್ಪೀಟು ಆಡಿದಳು, ಮೋಸ ಮಾಡುತ್ತಾಳೆ, ಸಿಕ್ಕಿಬಿದ್ದರೂ ಒಪ್ಪುವುದಿಲ್ಲ, ಆ ತಟ್ಟೆ ಒರೆಸುತ್ತ ಒರೆಸುತ್ತ, ಒಣಗಿದ ಮೇಲೂ ಒರೆಸುತ್ತ, ಅಪ್ಪಾ, ಒಂದು ಕೇಳ್ಲಾ ಅಂದಳು. ಕೇಳು. ಮದ್ವೆ ದಿನ ನೀವು ನನ್ನ ಜೊತೆ ನಡೀತೀರಾ, ಬಾಗಿಲಿಂದ ಪೀಠದವರೆಗೆ. ನಾನು ಕಿಟಕಿಯಾಚೆ ನೋಡಿ, ಮಳೆ ಬರೋ ಹಾಗಿದೆ, ಪಿಕಪ್ ಗಾಜು ಏರಿಸಿ ಬರ್ತೀನಿ, ಅಂದು ಹೊರಗೆ ಹೋದೆ. ಮಳೆಯೂ ಇರಲಿಲ್ಲ ಏನೂ ಇರಲಿಲ್ಲ. ಗಾಜು ಏರಿಸಿ ಒಳಗೇ ಕೂತೆ, ಉಸಿರಿಗೆ ಗಾಜು ಮಬ್ಬಾಯಿತು. ಹೋಗುವಾಗ ಅವಳು ಕಿಟಕಿ ತಟ್ಟಿದಳು, ಬರೋ ಭಾನುವಾರ ಅವನನ್ನೂ ಕರ್ಕೊಂಡು ಊಟಕ್ಕೆ ಬರ್ತೀನಿ, ಆವತ್ತು ಹೇಳಿ ಅಪ್ಪಾ, ಆಗಲ್ಲ ಅಂದ್ರೂ ಪರವಾಗಿಲ್ಲ, ಚಿಕ್ಕಪ್ಪನ್ನ ಕೇಳ್ತೀನಿ, ಆದ್ರೆ ಆವತ್ತು ಹೇಳಿ. ಇವತ್ತೇ ಆ ಭಾನುವಾರ. ನನ್ನ ಮಗನ ಹೆಂಡತಿಯನ್ನು ನಾನೇ ತೋಳು ಕೊಟ್ಟು ನಡೆಸಿಕೊಂಡು ಹೋಗಿ ಇನ್ನೊಬ್ಬನ ಕೈಗೆ ಒಪ್ಪಿಸಬೇಕು, ಅದೇ ಚರ್ಚು, ಅದೇ ಕೆಂಪು ಹಾಸು, ಆ ಸಲ ನಾನು ಮುಂದಿನ ಸಾಲಿನಲ್ಲಿದ್ದೆ, ಜಾರೆಡ್ ಪೀಠದ ಹತ್ತಿರ ಬೆವರುತ್ತ ನಿಂತಿದ್ದ, ಅವಳಿಗೆ ಅಪ್ಪ ಇಲ್ಲ, ಎಳೆಯ ವಯಸ್ಸಿನಲ್ಲೇ ಹೋಗಿದ್ದ, ಚಿಕ್ಕಪ್ಪನಿಗೆ ಆವತ್ತು ಬರಲಾಗಲಿಲ್ಲ, ಒಬ್ಬಳೇ ನಡೆದು ಬಂದಳು, ಅಷ್ಟುದ್ದದ ಹಾಸಿನ ಮೇಲೆ ಅಷ್ಟು ಸಣ್ಣವಳು, ಮನೆಗೆ ಬಂದು ಬೂಟು ಬಿಚ್ಚುತ್ತ ಆರ್ಲಿಸಳಿಗೆ ನಾನೇ ಹೇಳಿದ್ದೆ, ಪಾಪ ಆ ಹುಡುಗಿ ಜೊತೆ ಯಾರಾದ್ರೂ ನಡೀಬೇಕಿತ್ತು. ಮಗುವಾದರೂ ಇದ್ದಿದ್ದರೆ. ಇಲ್ಲ. ಮದುವೆಯಾಗಿ ನದಿ ದಾಟಿ ಪಕ್ಕದ ರಾಜ್ಯ ನೆಬ್ರಾಸ್ಕಾಕ್ಕೆ ಹೋಗುತ್ತಾಳೆ, ಅಲ್ಲೂ ಒಬ್ಬ ಮಾವ, ಅಲ್ಲೂ ಒಂದು ಸಿಂಕು, ಮೊದಲು ತಿಂಗಳಿಗೊಂದು ಸಲ ಬರುತ್ತಾಳೆ, ಆಮೇಲೆ ಕ್ರಿಸ್‌ಮಸ್‌ಗೆ ಕಾರ್ಡು ಬರುತ್ತದೆ, ಯಾರ ತಪ್ಪೂ ಅಲ್ಲ, ಹಾಗೇ ಆಗುತ್ತದೆ.

ಬಂದರು. ಬಾಗಿಲು ತಟ್ಟಲಿಲ್ಲ ಅವಳು, ಯಾವತ್ತೂ ತಟ್ಟುವುದಿಲ್ಲ, ಮನೆಯೊಳಗಿಂದ ಹಾದು ಹಿತ್ತಲಿಗೇ ಬಂದಳು, ಅಪ್ಪಾ ಹೊಗೆ ಮುಂದಿನ ಬೀದೀಗೂ ಬರ್ತಿದೆ, ಅಗ್ನಿಶಾಮಕದವರಿಗೆ ಫೋನ್ ಮಾಡ್ಲಾ, ಅಂದು ನನ್ನ ಭುಜಕ್ಕೆ ಹಣೆ ಒತ್ತಿ ತೆಗೆದಳು, ಹಿಂದೆ ಅವನು, ಟ್ರೆವರ್, ಎತ್ತರ, ಕಿವಿ ಸ್ವಲ್ಪ ಅಗಲ, ಶಾಲೆ ಬಸ್ಸುಗಳ ಎಂಜಿನ್ ರಿಪೇರಿ ಮಾಡುವವನಂತೆ, ಉಗುರಿನ ಸಂದಿನಲ್ಲಿ ತೊಳೆದರೂ ಹೋಗದ ಕಪ್ಪು, ನಮಸ್ಕಾರ ಸರ್ ಅಂದ, ಸರ್ ಅನ್ನಬೇಡ, ಹಾರ್ಲನ್ ಅನ್ನು ಅಂದೆ, ಆಯ್ತು ಸರ್ ಅಂದ. ರೆನೇ ನಕ್ಕಳು. ನಗು ಹಳೆಯದೇ, ಅದೇ, ಒಂದು ಬದಿಗೆ. ಇದ್ದಿಲು ಬೂದಿ ಹೊದ್ದು ಒಳಗೊಳಗೆ ಕೆಂಪಾಗಿದೆ, ಬಿಲ್ಲೆಗಳನ್ನು ಒಂದೊಂದಾಗಿ ಇಟ್ಟೆ, ಚುಂಯ್ ಅಂತ ಶಬ್ದ, ಅವನು ಮೂರು ಹೆಜ್ಜೆ ದೂರದಲ್ಲಿ ನಿಂತ, ಹಿಂದಿನ ಜೇಬಿನಲ್ಲಿ ಎರಡೂ ಕೈ, ಇನ್ನೊಬ್ಬನ ಗ್ರಿಲ್ಲಿಗೆ ಕೈ ಹಾಕಬಾರದು ಅಂತ ಅವರಪ್ಪನೂ ಹೇಳಿಕೊಟ್ಟಿರಬೇಕು, ಸಟ್ಟುಗದ ಕಡೆ ಕಣ್ಣೂ ಹಾಯಿಸಲಿಲ್ಲ, ಮಳೆ ಚೆನ್ನಾಗಿ ಬಿತ್ತಂತೆ ಸರ್ ಈ ಕಡೆ ಅಂದ, ಚೆನ್ನಾಗೇ ಬಿತ್ತು, ನಿಮ್ಮ ಕಡೆ? ನಮ್ಮ ಕಡೆ ಬರೀ ಗುಡುಗು ಸರ್, ಬಾಯಿ ಜಾಸ್ತಿ ಕೆಲಸ ಕಮ್ಮಿ. ಕೆಟ್ಟವನಲ್ಲ. ಕೆಟ್ಟವನಾಗಿದ್ದರೆ ಎಷ್ಟು ಸುಲಭವಿತ್ತು, ದೇವರೇ, ನಾನು ಕೇಳಿದ್ದರಲ್ಲಿ ಅದನ್ನೂ ಕೊಡಲಿಲ್ಲ ನೀನು, ಕುಡಿಯುವವನೋ ಬಡಾಯಿ ಕೊಚ್ಚುವವನೋ ಬಂದಿದ್ದರೆ ಅವಳಿಗೆ ಬೇಡಮ್ಮ ಅನ್ನಬಹುದಿತ್ತು. ಕೊಬ್ಬು ಕರಗಿ ಕೆಂಡದ ಮೇಲೆ ತೊಟ್ಟಿಕ್ಕಿತು, ಜ್ವಾಲೆ ನಾಲಗೆ ಚಾಚಿತು, ಬಿಲ್ಲೆಗಳನ್ನು ಪಕ್ಕಕ್ಕೆ ಸರಿಸಿದೆ, ಜಾರೆಡ್ ಆಗಿದ್ದರೆ ಬಿಡುತ್ತಿದ್ದ, ಸ್ವಲ್ಪ ಸೀಯಲಿ ಅಪ್ಪಾ, ಸೀದ ಕಡೇನೇ ರುಚಿ, ನನ್ನ ಹಿಂದೆ ನಿಂತು ಹೇಳುತ್ತಿದ್ದ, ಕುತ್ತಿಗೆಗೆ ಅವನ ಉಸಿರು — ಹಿಂದೆ ತಿರುಗಿದೆ, ಟ್ರೆವರ್ ನಿಂತಿದ್ದ, ಮೂರು ಹೆಜ್ಜೆ ದೂರದಲ್ಲಿ, ಆಗ ಹೊಗೆ ನನ್ನ ಕಡೆ ತಿರುಗಿತು, ಈ ಮುಚ್ಚಿದ ಮೂಗಿಗೂ ಏನೋ ತಟ್ಟಿತು, ಹಳೆ ಬಣ್ಣದ ಡಬ್ಬಿಯ ಹಾಗೆ, ಮರಕ್ಕೆ ಬಳಿದ ಹಳೆ ಎಣ್ಣೆಯ ಹಾಗೆ, ಇಲ್ಲ, ಇದ್ದಿಲಿನದ್ದು, ಒದ್ದೆ ಅರಳೆ ಸುಟ್ಟಿರಬೇಕು, ಆರ್ಲಿಸ್ ಅಡುಗೆಮನೆ ಬಾಗಿಲಲ್ಲಿ ಆಲೂಗಡ್ಡೆ ಪಾತ್ರೆ ಹಿಡಿದು ನಿಂತು ನನ್ನನ್ನೇ ನೋಡುತ್ತಿದ್ದಳು, ನಾನು ಅವಳನ್ನು ನೋಡಲಿಲ್ಲ. ಬೇಕನ್ ಸೀಳುಗಳು ಸುರುಟಿಕೊಂಡು ಕೆಂಪಾದವು, ನೋಡಲು ಎಷ್ಟು ಚೆಂದ, ಅವನು ಕೊಯ್ದಷ್ಟೇ ದಪ್ಪ, ಬಿಲ್ಲೆಯ ಮೇಲೆ ಎರಡೆರಡು, ಅಡ್ಡಡ್ಡ.

ಊಟದ ಪ್ರಾರ್ಥನೆಯನ್ನು ಆರ್ಲಿಸಳೇ ಹೇಳುತ್ತಾಳೆ ಈಗ, ಮೊದಲು ನಾನು ಹೇಳುತ್ತಿದ್ದೆ, ಮೂರು ವರ್ಷದಿಂದ ತುಟಿ ಮಾತ್ರ ಆಡುತ್ತದೆ, ಆಮೆನ್ ಎಲ್ಲರೂ ಒಟ್ಟಿಗೆ, ಟ್ರೆವರನ ದನಿ ದಪ್ಪ, ಬನ್ನು ಎತ್ತಿ ಕಚ್ಚಿದೆ. ಕಮಟು. ನಾಲಗೆಯ ಬುಡಕ್ಕೆ, ಗಂಟಲಿಗೆ, ಹಳಸಿದ ಎಣ್ಣೆ, ಮೀನಿನಂತೆ, ಮರದ ಪೆಟ್ಟಿಗೆಯೊಳಗಿನಂತೆ, ಹೊಗೆಯ ರುಚಿ ಎಲ್ಲೋ ದೂರದಲ್ಲಿ, ಗೋಡೆಯಾಚೆ ಯಾರೋ ಮಾತಾಡುವ ಹಾಗೆ, ಅವನು ಎಲ್ಲೂ ಇಲ್ಲ, ಮೂರು ವರ್ಷ ತಡವಿ ತಡವಿ ಕಾಯ್ದಿದ್ದು ಇದನ್ನು, ಮುಟ್ಟದೆ ಇಟ್ಟಿದ್ದಕ್ಕೇ ಕೆಟ್ಟಿದೆ, ಮೊದಲ ಬೇಸಗೆಯಲ್ಲೇ ಎಲ್ಲರೂ ಕೂತು ಅತ್ತುಕೊಂಡು ತಿಂದುಬಿಟ್ಟಿದ್ದರೆ ಅವನು ಇದ್ದಿರುತ್ತಿದ್ದ ಬಾಯಲ್ಲಿ, ಒಂದು ಸಲ, ಪೂರ್ತಿ, ನಾನು ಇಟ್ಟುಕೊಂಡೆ, ಇಟ್ಟುಕೊಂಡೇ ಕಳೆದೆ. ಉಗಿಯಬೇಕು, ಉಗಿಯಲಾರೆ. ಎದುರಿಗೆ ರೆನೇ ಅಗಿಯುವುದನ್ನು ನಿಲ್ಲಿಸಿದ್ದಾಳೆ. ಬನ್ನು ಎತ್ತಿ ಒಳಗೆ ನೋಡಿದಳು, ಆ ದಪ್ಪನೆ ಸೀಳು, ಅಂಚಿನ ಮೆಣಸು, ಅಪ್ಪಾ, ಇದು ಅವನು ಮಾಡಿದ್ದಾ ಅಂದಳು, ದನಿ ಇಲ್ಲದೆ. ಹೂಂ ಅಂದೆ, ಕೊನೇದು, ಬಿಡಮ್ಮ, ಕೆಟ್ಟುಹೋಗಿದೆ, ತಿನ್ನಬೇಡ, ನಾನೇ, ಆರ್ಲಿಸ್ ಹೇಳಿದ್ಲು, ನಾನೇ ಕೇಳಲಿಲ್ಲ. ಅವಳು ಬನ್ನು ಮುಚ್ಚಿದಳು. ಎರಡೂ ಕೈಯಲ್ಲಿ ಹಿಡಿದು ಇನ್ನೊಂದು ತುತ್ತು ಕಚ್ಚಿದಳು. ಕಣ್ಣೀರು ಮೂಗಿನ ಪಕ್ಕದಿಂದ ಇಳಿದು ಬಾಯಿಗೆ ಹೋಗುತ್ತಿದೆ, ಒರೆಸುವುದಿಲ್ಲ, ಅಗಿಯುತ್ತಾಳೆ, ಆರ್ಲಿಸ್ ತನ್ನದನ್ನು ತೆಗೆದುಕೊಂಡಳು, ಬೇಡ ಅಂದವಳೇ, ನಾನೂ ನುಂಗಿದೆ, ಚರ್ಚಿನಲ್ಲಿ ಪೀಠದ ಮುಂದೆ ಮಂಡಿಯೂರಿ ಆ ರೊಟ್ಟಿ ನುಂಗುವಾಗ ಮಾತಾಡುತ್ತೇವೆಯೇ, ರುಚಿ ಕೇಳುತ್ತೇವೆಯೇ, ಟ್ರೆವರ್ ಒಬ್ಬರ ಮುಖದಿಂದ ಒಬ್ಬರ ಮುಖಕ್ಕೆ ನೋಡಿದ, ಅವನ ತಟ್ಟೆ ಆಗಲೇ ಖಾಲಿ, ಮೊದಲ ತುತ್ತಿಗೇ ಗೊತ್ತಾಗಿರಬೇಕು, ಅವನ ಮೂಗು ಚೆನ್ನಾಗಿದೆ, ಧೂಳು ಕುಡಿದ ಮೂಗಲ್ಲ, ಗೊತ್ತಾಗಿಯೂ ಪೂರ್ತಿ ತಿಂದಿದ್ದಾನೆ. ಹೇಗಿತ್ತು ಅಂತ ಕೇಳಿದೆ, ಯಾಕೆ ಕೇಳಿದೆನೋ. ಪರವಾಗಿಲ್ಲ ಸರ್ ಅಂದ. ನಮ್ಮಲ್ಲಿ ಅದಕ್ಕಿಂತ ದೊಡ್ಡ ಹೊಗಳಿಕೆ ಇಲ್ಲ, ಸ್ವರ್ಗ ನೋಡಿ ಬಂದವನೂ ಪರವಾಗಿಲ್ಲ ಅನ್ನುತ್ತಾನೆ. ಸುಳ್ಳು ಹೇಳಬೇಡ ಕಣೋ ಅಂದೆ. ಅವನು ಕಿವಿಯವರೆಗೆ ಕೆಂಪಾದ. ಇನ್ನೊಂದಿದ್ಯಾ ಸರ್, ಅಂದ. ಆರ್ಲಿಸ್ ಕೈ ಬಾಯಿಗೆ ಹೋಯಿತು. ಕೊಟ್ಟೆ. ಅವನು ಅದನ್ನೂ ತಿಂದ, ಅವಸರ ಮಾಡದೆ, ಮುಖ ಕಿವುಚದೆ, ತಲೆ ತಗ್ಗಿಸಿಕೊಂಡು, ಬೇರೆಯವರ ಮನೆಯ ಸಾವಿನ ಕೆಲಸಕ್ಕೆ ಭುಜ ಕೊಡುವವನ ಹಾಗೆ, ಬನ್ನಿನ ಕೊನೆಯ ಚೂರಿನಿಂದ ತಟ್ಟೆ ಒರೆಸಿಕೊಂಡ. ಅವನ ನಾಲಗೆಗೆ ಗೊತ್ತಾಗಲಿ ಅಂತ ನಾನು ಬಯಸಿದ್ದು ಇದನ್ನೇ ಏನು. ನನ್ನ ಮುಖ ಎಲ್ಲಿಡಲಿ.

ಸರ್, ಒಂದು ಸಾಮಾನು ತಂದಿದೀವಿ, ಎಲ್ಲಿಡ್ಲಿ, ಅಂದ ಅವನು ಎದ್ದು, ಉತ್ತರಕ್ಕೂ ಕಾಯದೆ ಮನೆ ಪಕ್ಕದಿಂದ ಮುಂದಕ್ಕೆ ಹೋದ, ಅವನ ಪಿಕಪ್ಪಿನ ಹಿಂಬಾಗಿಲು ಇಳಿಸಿದ ಸದ್ದು, ಕಬ್ಬಿಣದ ಸದ್ದು, ಕೈಗಾಡಿಯ ಮೇಲೆ ಅದನ್ನು ಓರೆಯಾಗಿ ನಿಲ್ಲಿಸಿ ಒದ್ದೆ ಹುಲ್ಲಿನ ಮೇಲೆ ಹಿಮ್ಮುಖವಾಗಿ ಎಳೆದುಕೊಂಡು ಬಂದ, ಸೊಂಟದೆತ್ತರದ ಡ್ರಮ್ಮು, ಮೂರು ಕಾಲು, ನಾನೇ ಬೆಸುಗೆ ಹಾಕಿದ ಕಾಲು, ಗೋದಾಮಿನಿಂದ ನಾನು ತಂದಿಟ್ಟುಕೊಂಡಿದ್ದ ಡ್ರಮ್ಮು, ಬೇಕನ್‌ಗೆ ಹೊಗೆ ಕೊಡಲು ಜಾರೆಡ್ ಕೇಳಿದ್ದ, ಎರವಲು ಅಪ್ಪಾ, ಒಂದು ಚಳಿಗಾಲ ಅಷ್ಟೇ, ವಾಪಸ್ ತಂದು ಕೊಡ್ತೀನಿ, ಕೊಡಲಿಲ್ಲ, ಅವಳ ಗರಾಜಿನ ಹಿಂದೆ ಮಳೆಯಲ್ಲಿ ಹಿಮದಲ್ಲಿ ನಿಂತಿತ್ತು, ಕೇಳುವ ಬಾಯಿ ನನಗಿರಲಿಲ್ಲ. ರೆನೇ ಮನೆ ಖಾಲಿ ಮಾಡ್ತಿದೀವಿ ಸರ್, ಇದು ನಿಮ್ದಂತೆ, ಕೊಡೋದು ಬಾಕಿ ಇತ್ತಂತೆ. ಅಷ್ಟೇ ಹೇಳಿ ಅವನು ನೆಲ ಗಟ್ಟಿ ಇರುವ ಕಡೆ ನೋಡಿ ನೇರ ನಿಲ್ಲಿಸಿದ, ಅಲುಗಾಡಿಸಿ ನೋಡಿದ, ಕೈಯನ್ನು ಪ್ಯಾಂಟಿಗೆ ಒರೆಸಿಕೊಂಡು ದೂರ ಸರಿದ, ಮೂರು ಹೆಜ್ಜೆ. ನಾನು ಮುಚ್ಚಳ ಎತ್ತಿದೆ. ಹೊಗೆ. ಹಿಕರಿ ಕಟ್ಟಿಗೆ, ಸಕ್ಕರೆ, ಮೆಣಸು, ಮಸಿ, ಸತ್ತಿದೆ ಅಂದುಕೊಂಡ ಈ ಮೂಗಿಗೆ ನೇರವಾಗಿ, ಅವನ ಕೋಟಿನ ವಾಸನೆ, ಚಳಿಗಾಲದಲ್ಲಿ ಅಡುಗೆಮನೆಗೆ ನುಗ್ಗಿ ಅಪ್ಪಾ ನೋಡಿ ಬಣ್ಣ ನೋಡಿ ಅನ್ನುವಾಗ ಅವನ ಮೈಯಿಂದ ಏಳುತ್ತಿದ್ದ ವಾಸನೆ, ಬಗ್ಗಿದೆ, ದುಂಡನೆ ಕಪ್ಪು ಬಾಯಿ, ಒಳಗೆ ಅಡ್ಡ ಸರಳು, ಸರಳಿಗೆ ಕೊಂಡಿಗಳು, ಒಂದು ಕೊಂಡಿಯಲ್ಲಿ ತುಂಡು ದಾರ, ಮಸಿ ಹಿಡಿದ ದಾರ, ಅದರಲ್ಲಿ ಗಂಟು. ಮಾಂಸ ಇಳಿಸುವಾಗ ಅವನು ಬಿಚ್ಚುತ್ತಿರಲಿಲ್ಲ, ಕೆಳಗೆ ಕತ್ತರಿಸಿಬಿಡುತ್ತಿದ್ದ, ಗಂಟು ಮೇಲೇ ಉಳಿಯುತ್ತಿತ್ತು. ಚೀಲದ ಬಾಯಿ ಕಟ್ಟುವ ಗಂಟು. ನಾನು ಕಲಿಸಿದ್ದು. ಗೋದಾಮಿನ ನೆಲದಲ್ಲಿ ಮಂಡಿಯೂರಿ, ಅವನಿಗೆ ಹಾಲುಹಲ್ಲು ಬಿದ್ದ ಕಾಲ, ಎರಡು ಸುತ್ತು, ಕೆಳಗಿಂದ ತೂರಿಸು, ಎಳಿ, ಹಾಗಲ್ಲ, ನೋಡು, ಎರಡು ಸುತ್ತು, ಕೆಳಗಿಂದ, ಎಳಿ, ಈಗ ಎತ್ತೇ ಎಳೆದ್ರೂ ಬಿಚ್ಚಲ್ಲ. ಎತ್ತೇ ಎಳೆದ್ರೂ ಬಿಚ್ಚಲ್ವಾ ಅಪ್ಪಾ. ಬಿಚ್ಚಲ್ಲ ಕಣೋ. ಮತ್ತೆ ಆ ದಿನ ಕಣಜದ ತುದಿಗೆ ಏಣಿ ಹತ್ತಿ ನಾನೂ ಹೀಗೇ ಬಗ್ಗಿ ನೋಡಿದೆ, ದುಂಡನೆ ಬಾಯಿ, ಕೆಳಗೆ ಹಳದಿ ಕಾಳು, ನಡುವೆ ಅವನನ್ನು ನುಂಗಿ ಒಳಕ್ಕೆ ಕುಸಿದ ಒಂದು ಗುಂಡಿ, ಏನೂ ಅಲುಗಾಡದ ಹಳದಿ, ಬಾಯಿಯ ಪಕ್ಕದ ಮೊಳೆಗೆ ಹಗ್ಗ ಸುರುಳಿ ಸುತ್ತಿದ್ದು ಸುತ್ತಿದ್ದ ಹಾಗೇ ತೂಗಿತ್ತು, ಒಣಗಿದ ಹಗ್ಗ, ಸೊಂಟಕ್ಕೆ ಕಟ್ಟಿಕೊಂಡು ಇಳಿ ಅಂತ ಎಷ್ಟು ಸಲ, ಒಂದು ನಿಮಿಷದ ಕೆಲಸ ಅಪ್ಪಾ, ಕಟ್ಟೋ ಹೊತ್ತಿಗೆ ಮುಗಿದೇ ಹೋಗತ್ತೆ — ಮಾಂಸದ ತುಂಡಿಗೆ ಕಟ್ಟಿದ್ದಾನೆ. ಎರಡು ಸುತ್ತು, ಕೆಳಗಿಂದ ಒಂದು. ತನಗೆ ಕಟ್ಟಿಕೊಳ್ಳಲಿಲ್ಲ.

ಒಳಗೇನಿದೆ ಅಪ್ಪಾ, ಅಂದಳು ರೆನೇ ಪಕ್ಕಕ್ಕೆ ಬಂದು, ಏನಿಲ್ಲಮ್ಮ ಅಂದೆ, ಅವಳೂ ಬಗ್ಗಿದಳು, ಉಸಿರೆಳೆದುಕೊಂಡಳು, ಬಿಡಲಿಲ್ಲ ತುಂಬ ಹೊತ್ತು, ನಮ್ಮಿಬ್ಬರ ತಲೆ ಆ ಕಪ್ಪು ಬಾಯಿಯೊಳಗೆ, ಹೊರಗೆ ಆರ್ಲಿಸ್ ತಟ್ಟೆಗಳನ್ನು ಎತ್ತಿಡುವ ಸದ್ದು, ಟ್ರೆವರ್ ಅವಳ ಕೈಯಿಂದ ತಟ್ಟೆ ಇಸಿದುಕೊಳ್ಳುವ ಸದ್ದು, ನಾನು ತೊಳೀತೀನಮ್ಮ, ನೀವು ಕೂತ್ಕೊಳ್ಳಿ. ರೆನೇ ಆ ಪ್ರಶ್ನೆ ಕೇಳಲಿಲ್ಲ. ಆವತ್ತು ಹೇಳಿ ಅಂದವಳು ಇವತ್ತು ಕೇಳಲೇ ಇಲ್ಲ, ಕೇಳುವುದೂ ಇಲ್ಲ, ನನಗೆ ಗೊತ್ತು, ಹಾಗೇ ಪಿಕಪ್ ಹತ್ತಿ ಹೋಗುತ್ತಾಳೆ, ಚಿಕ್ಕಪ್ಪನಿಗೆ ಫೋನು ಮಾಡುತ್ತಾಳೆ, ನನ್ನ ಮೇಲೆ ಬೇಸರವೂ ಮಾಡಿಕೊಳ್ಳುವುದಿಲ್ಲ. ಎಷ್ಟು ಗಂಟೆಗೆ ಅಂದೆ. ಏನು ಅಪ್ಪಾ? ಚರ್ಚು, ಆವತ್ತು, ಎಷ್ಟು ಗಂಟೆಗೆ ಬರ್ಬೇಕು ನಾನು. ಡ್ರಮ್ಮಿನೊಳಗೆ ನನ್ನ ದನಿ ಬೇರೆ ಯಾರದೋ ಹಾಗೆ ಕೇಳಿತು. ಎರಡಕ್ಕೆ, ಅಂದಳು, ಅಂದು ನನ್ನ ತೋಳು ಹಿಡಿದಳು, ನಾನು ಮೊಣಕೈ ಮಡಚಿ ಕೊಟ್ಟೆ, ಬರ್ತೀನಿ, ಸ್ವಲ್ಪ ಮುಂಚೇನೇ ಬರ್ತೀನಿ, ಹಾಸು ಉದ್ದ ಇದೆ, ನಿಧಾನ ನಡೀಬೇಕು, ನನ್ನ ಮಂಡಿ ನಿನಗೆ ಗೊತ್ತಲ್ಲ, ಅವಳು ತಲೆ ಆಡಿಸಿದಳು, ತೋಳಿನ ಮೇಲೆ ಅವಳ ಕೈಯ ಬಿಸಿ, ದೇವರೇ, ತಗೋ, ಇದನ್ನೂ ತಗೋ, ಅನ್ನಲು ಬಾಯಿ ಬರುವುದಿಲ್ಲ, ಕಣ್ಣು ಅಲ್ಲೇ ಇದೆ, ಮುಚ್ಚಳ ಮುಚ್ಚಬೇಕು, ಕೈ ಏಳುವುದಿಲ್ಲ, ಕೊಂಡಿ, ಕೊಂಡಿಯಲ್ಲಿ ದಾರ, ದಾರದಲ್ಲಿ ಗಂಟು, ಕಪ್ಪಗೆ, ಪುಟ್ಟದಾಗಿ, ಎರಡು ಸುತ್ತು, ಕೆಳಗಿಂದ ಒಂದು, ಏನನ್ನೂ ಹಿಡಿದಿಲ್ಲ, ಬಿಗಿಯಾಗಿಯೇ ಇದೆ, ಆ ಗಂಟು